ಅನುಬಂಧ ‘ಡಿ’

ಒಡೆದದ್ದನ್ನೆಲ್ಲ ಪಟ್ಟಿ ಮಾಡಿ ಎಂದರು ಲಾಯರು.
ಮಾಡಿದೆ. ಅಕ್ಷರ ದುಂಡಗಿದೆಯೆಂದು
ಈ ನರ್ಸಿಂಗ್ ಹೋಮಿನ ಲೆಕ್ಕವೆಲ್ಲ ನನ್ನದೇ, ಹತ್ತೊಂಬತ್ತು ವರ್ಷದಿಂದ.

ಮುಂಬಾಗಿಲ ಗಾಜು.
ಔಷಧಿ ಫ್ರಿಜ್ಜಿನ ಬಾಗಿಲು.
ಪ್ಲಾಸ್ಟಿಕ್ ಕುರ್ಚಿ ಹನ್ನೊಂದು
(ಒಂದು ಮೊದಲೇ ಮುರಿದಿತ್ತು, ಬಿಟ್ಟೆ).
ಸಿಸ್ಟರ್ ಫ್ಲೋರಿನ್‌ರ ಎಡಗೈ ಮಣಿಕಟ್ಟು.
ಅದು ಇದರಲ್ಲಿ ಬರೋಲ್ಲ ಕಣ್ರೀ, ಬೇರೆ ಅನುಬಂಧ,
ಎಂದು ಕೆಂಪು ಪೆನ್ನಲ್ಲಿ ಹೊಡೆದರು.

ಅರಸೀಕೆರೆ ಠಾಣೆಗೆ ಮೂರು ಸಲ ಮನವಿ ಕೊಟ್ಟೆವು.
ಮೂರಕ್ಕೂ ಸೀಲು ಬಿತ್ತು, ಜನ ಬರಲಿಲ್ಲ.
ಮಂತ್ರಿ ಬಂದೋಬಸ್ತು,
ಕೊಬ್ಬರಿ ರೇಟಿನ ಧರಣಿಯ ಬಂದೋಬಸ್ತು,
‘ನಿಮ್ಮ ನಾಕು ಹಾಸಿಗೆಗೆ ಎಲ್ಲಿಂದ ತರೋದು?’
ಹನ್ನೆರಡು, ಎಂದೆ.

ಕೊನೆಗೆ ಹೈಕೋರ್ಟು. ಬೆಳಗಿನ ರೈಲಿನಲ್ಲಿ
ಡಾಕ್ಟರಮ್ಮ ದಾರಿಯುದ್ದಕ್ಕೂ
ಕೈಗಳನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದರು.
ನಮ್ಮದು ಅರವತ್ತೇಳನೆಯದು.
ಕೂಗಿದ ಮೇಲೆ ಕಾಫಿ ಆರುವಷ್ಟೂ ಹೊತ್ತು ಹಿಡಿಯಲಿಲ್ಲ:
ಇಬ್ಬರು ಪೊಲೀಸರು, ಮೂರು ತಿಂಗಳು, ವೆಚ್ಚ ಅರ್ಜಿದಾರರದು,
ಆರನೇ ಪ್ರತಿವಾದಿ ಐವತ್ತು ಮೀಟರಿನೊಳಗೆ ಬರತಕ್ಕದ್ದಲ್ಲ.
ಚಂದ್ರಕಲಾ ಎಂಬ ಹೆಸರು ಆದೇಶದಲ್ಲಿ ಒಂದು ಸಲ ಇದೆ.
ಉಳಿದ ಕಡೆಯೆಲ್ಲ ‘ಸದರಿ ರೋಗಿ’.

ಈಗ ಬಾಗಿಲಲ್ಲಿ ಹೆಡ್ ಕಾನ್‌ಸ್ಟೇಬಲ್ ಕಲ್ಲೇಶಪ್ಪ.
ಜೊತೆಗೊಬ್ಬ ಹುಡುಗ, ಲಾಠಿಯನ್ನು
ಡ್ರಿಪ್ ಸ್ಟ್ಯಾಂಡಿಗೆ ಒರಗಿಸಿ ಮೊಬೈಲು ನೋಡುತ್ತಾನೆ.
ಹೆರಿಗೆಗೆ ಬಂದವರು ಖಾಕಿ ಕಂಡು ಮೆಟ್ಟಿಲಲ್ಲೇ ನಿಲ್ಲುತ್ತಾರೆ.
ಕೆಲವರು ಆಟೋ ತಿರುಗಿಸುತ್ತಾರೆ.
ಆ ಲೆಕ್ಕವನ್ನೂ ಬರೆದಿಡುತ್ತಿದ್ದೇನೆ, ಯಾರಿಗೆಂದು ಗೊತ್ತಿಲ್ಲ.
ಕಲ್ಲೇಶಪ್ಪನವರಿಗೆ ಸಕ್ಕರೆ ಮುನ್ನೂರ ಹತ್ತು.
ಡಾಕ್ಟರಮ್ಮ ಬೈದು, ಮಾತ್ರೆ ಕೊಟ್ಟರು.

ಪಟ್ಟಿಗೆ ಸೇರದ್ದು ಒಂದಿದೆ.
ಅವತ್ತು ಗಾಜು ಗುಡಿಸುವಾಗ ಕಂಡದ್ದು,
ಚಪ್ಪಲಿ ಗೂಡಿನ ಕೆಳಸಾಲಿನಲ್ಲಿ ಒಂದು ಜೊತೆ ಹವಾಯಿ,
ಎಡಗಾಲಿನ ಬಾರಿಗೆ ಪಿನ್ನು.
ಅವಳು ನಡೆದೇ ಬಂದಿದ್ದಳು ಒಳಗೆ.
ಆ ನೋವಿನಲ್ಲೂ ಗೋಡೆ ಹಿಡಿದು, ಬಗ್ಗಿ,
ಜೋಡಿಸಿಟ್ಟಿದ್ದಳು.
ಒಡೆದಿಲ್ಲ. ನಮ್ಮದೂ ಅಲ್ಲ.
ಯಾವ ಅನುಬಂಧ?

ನಿನ್ನೆ ರಾತ್ರಿ ಹುಬ್ಬಳ್ಳಿ ರೈಲು ಹೋದ ಮೇಲೆ
ಬಂದ ಆರನೇ ಪ್ರತಿವಾದಿ, ತೀರ್ಥೇಶ.
ಕಲ್ಲೇಶಪ್ಪ ಎದ್ದರು. ಹುಡುಗ ಲಾಠಿ ಹುಡುಕಿದ.
ಅವನು ಬೀದಿಯಾಚೆ, ಮುಚ್ಚಿದ ಬೇಕರಿಯ ಕಟ್ಟೆ ಹತ್ತಿರವೇ ನಿಂತ,
ಎಣಿಸಿ ನಿಂತವನ ಹಾಗೆ. ಮಂಡಿಯ ಕಾಯಿ ಸುಲಿದೂ ಸುಲಿದೂ
ಕಪ್ಪುಗಟ್ಟಿದ ಕೈ ಬಾಯಿಗಿಟ್ಟು ಕೂಗಿದ:
‘ಮಗೀನ ಚುಚ್ಚುಮದ್ದಿನ ಕಾರ್ಡು ಕೊಟ್ಟಿಲ್ಲ ನೀವು.
ಅಂಗನವಾಡೀಲಿ ಕೇಳ್ತಾರೆ.’

ಡ್ರಾಯರಿನಲ್ಲೇ ಇತ್ತು. ತಾಯಿಯ ಹೆಸರು ಖಾಲಿ.
ಬರೆದೆ, ದುಂಡಗೆ, ಒತ್ತಿ.
ಕಲ್ಲೇಶಪ್ಪ ಅದನ್ನು ಟೋಪಿಯೊಳಗಿಟ್ಟು ರಸ್ತೆ ದಾಟಿದರು.
ಇಬ್ಬರೂ ಅಲ್ಲಿ ಒಂದು ಬೀಡಿಯಷ್ಟು ಹೊತ್ತು ನಿಂತಿದ್ದರು.
ಏನು ಆಡಿಕೊಂಡರೋ, ನಾನು ಕೇಳಲಿಲ್ಲ.

ಚಪ್ಪಲಿಯನ್ನೂ ಕಳಿಸಬಹುದಿತ್ತು.
ಕೈ ಅಲ್ಲಿವರೆಗೆ ಹೋಗಿ ಬಂತು.
ಬೆಳಿಗ್ಗೆ ನೆಲ ಒರೆಸುವ ಜಯಮ್ಮನಿಗೆ ಹೇಳಿದ್ದೇನೆ,
ಆ ಜೊತೆ ಮುಟ್ಟಬೇಡ ಎಂದು.
ಆದೇಶಕ್ಕೆ ಇನ್ನೂ ಐವತ್ತೆಂಟು ದಿನವಿದೆ.