ಒಂಬತ್ತನೇ ಪೆಟ್ಟಿಗೆ

ಬೋಟು ಬಂದಾಗಿ ಹನ್ನೆರಡು ದಿನ.
ಬೈತಖೋಲಿನಲ್ಲಿ ಎಲ್ಲವೂ ತಾಡಪತ್ರಿ ಹೊದ್ದು ನಿಂತಿವೆ.
ರೇನ್‌ಕೋಟು ಸಾಯೀಶನ ಮೈಮೇಲಿಲ್ಲ,
ಅವನು ತಬ್ಬಿಕೊಂಡು ತಂದ ಸಿಪಿಯು ಮೇಲಿದೆ.
ಹಿಂದೆಯೇ ಅವನ ಆಯಿ, ಶೇವಂತಿಬಾಯಿ,
ಖಾಲಿ ಬುಟ್ಟಿಯನ್ನು ಹೊಸ್ತಿಲಾಚೆ ಕವುಚಿಟ್ಟು
ಅಂಗಡಿಯ ಒಂದೇ ಒಂದು ಸ್ಟೂಲನ್ನು ಹಿಡಿದಳು.

"ಗೇಮ್ ಬಿಚ್ಚಿಕೊಳ್ತಾ ಇಲ್ಲ ಅಕ್ಕಾ."
ಹದಿನಾಲ್ಕು ತುಂಡು, ಒಂದೊಂದೂ ಎರಡು ಜಿಬಿ.
ಅರವತ್ತೊಂದು ಪರ್ಸೆಂಟಿಗೆ ಬಂದು ಕೆಂಪಕ್ಷರ:
ಒಂಬತ್ತನೇ ಫೈಲು ಕೆಟ್ಟಿದೆ, ಲೆಕ್ಕ ತಾಳೆಯಾಗುತ್ತಿಲ್ಲ.

ಎಲ್ಲರಿಗೂ ಹೇಳುವುದನ್ನೇ ಹೇಳಿದೆ.
ಆ್ಯಂಟಿವೈರಸ್ಸನ್ನು ಸ್ವಲ್ಪ ಹೊತ್ತು ಮಲಗಿಸು.
ಡಿಸ್ಕಿನಲ್ಲಿ ಜಾಗ ಮಾಡು,
ಸುತ್ತಿಟ್ಟ ಬಲೆಗೆ ಮೂಲೆ ಸಾಕು, ಬಿಚ್ಚಿದರೆ ಅಂಗಳ ಬೇಕು.
ಫೋಲ್ಡರಿನ ಹೆಸರು ಗಿಡ್ಡ ಮಾಡು ಮಾರಾಯ,
'ಸಾಯೀಶನ ಹೊಸ ಗೇಮ್ ದಯವಿಟ್ಟು ಯಾರೂ ಮುಟ್ಟಬೇಡಿ'
ಎಂದೆಲ್ಲ ಬರೆದರೆ ಕಂಪ್ಯೂಟರಿಗೂ ಏದುಸಿರು.

ಎಲ್ಲ ಮಾಡಿದ್ದೇನೆ, ಅಂದ.
ಒಂಬತ್ತನೆಯದನ್ನು ಮತ್ತೆರಡು ಸಲ ಇಳಿಸಿದ್ದೇನೆ,
ಎರಡು ದಿನದ ನೆಟ್ಟು ಅದಕ್ಕೇ ಹೋಯಿತು.
ಮೊದಲು ಪೆನ್‌ಡ್ರೈವಿನಲ್ಲಿ ಕೊಟ್ಟವನು ಸದಾಶಿವಗಡದ ಮೆಲ್ರಾಯ್.
"ಕೊಳೆತ ಮಾಲು ಕೊಟ್ಟೆ ಅಂದೆ ಅವನಿಗೆ.
ಈಗ ಕಾಳಿ ದಾಟಿ ಅವನು ಬರುವುದಿಲ್ಲ,
ನಾನೂ ಹೋಗುವುದಿಲ್ಲ."

"ಲೆಕ್ಕ ತಾಳೆ ಅಂದರೆ ಎಂಥದು?" ಆಯಿ ಕೇಳಿದಳು.
ಬಂದರದಲ್ಲಿ ತೂಗಿ ಪೆಟ್ಟಿಗೆಗೆ ಚೀಟಿ ಅಂಟಿಸಿದ್ದಾರೆ, ಆಯಿ.
ಇಲ್ಲಿ ತಂದು ತೂಗಿದರೆ ಚೀಟಿಯ ತೂಕ ಬರುತ್ತಿಲ್ಲ.
"ಹಾಗಾದರೆ ದಾರಿಯಲ್ಲಿ ಯಾರೋ ತೆಗೆದರು."
ಇರಬಹುದು.
"ಇಲ್ಲಾ ಐಸು ಕರಗಿತು."
ಅದೂ ಇರಬಹುದು.

ಮತ್ತೆ ಓಡಿಸಿದೆ. ಹಸಿರು ಪಟ್ಟಿ ತೆವಳಿತು.
ಈ ಸಲ ಬಿದ್ದದ್ದು ನಾಲ್ಕರಲ್ಲಿ.
ಮತ್ತೊಮ್ಮೆ. ಹನ್ನೊಂದರಲ್ಲಿ.

ಆಯಿ ಎಲೆಯ ತೊಟ್ಟು ಮುರಿದಳು, ಸುಣ್ಣ ಸವರಿದಳು.
"ನಲವತ್ತು ವರ್ಷ ಮೀನು ಮಾರಿದ್ದೇನೆ.
ಕೊಳೆತ ಬಂಗಡೆ ಎದ್ದು
ಈ ಪೆಟ್ಟಿಗೆಯಿಂದ ಆ ಪೆಟ್ಟಿಗೆಗೆ ನಡೆದದ್ದನ್ನು
ನಾನಂತೂ ಕಂಡಿಲ್ಲ.
ನಿನ್ನ ತಕ್ಕಡಿ ನೋಡು ಮಗಾ."

ಹನ್ನೊಂದು ವರ್ಷದ ಅಂಗಡಿ ನನ್ನದು.
ಸ್ಕ್ರೂಡ್ರೈವರ್ ಹುಡುಕುವ ನೆಪದಲ್ಲಿ
ಮುಖವನ್ನು ಡ್ರಾವರಿನೊಳಗೆ ಇಟ್ಟುಕೊಂಡೆ.

ಬಿಚ್ಚಿದರೆ ಒಳಗೆ ಮರಳು, ಒಂದು ಹಲ್ಲಿ ಮೊಟ್ಟೆಯ ಸಿಪ್ಪೆ.
ರ್‍ಯಾಮಿನ ಚಿನ್ನದ ಹಲ್ಲುಗಳ ಮೇಲೆ ತೆಳುವಾಗಿ ಹಸಿರು,
ರಾತ್ರಿ ರಾತ್ರಿ ಕಿಟಕಿಯಿಂದ ಬಂದು
ಕಡಲು ನೆಕ್ಕಿಹೋದ ಗುರುತು.
ಓದಿದ್ದನ್ನು ಒಂದು ಚಣ ಹಿಡಿದುಕೊಳ್ಳುವುದಷ್ಟೇ ಅದರ ಕೆಲಸ.
ಹಿಡಿಯುವಾಗಲೇ ಎಲ್ಲೋ ಒಂದು ಕಾಳು ಉದುರಿಸಿ
ಮೀನಿನ ಮೇಲೆ ದೂರು ಬರೆಯುತ್ತಿತ್ತು.

ಶಾಲೆಯ ರಬ್ಬರು ತೆಗೆದು ಉಜ್ಜಿದೆ.
ಕಪ್ಪು ಕಪ್ಪು ಹುಡಿ ಮೇಜಿನ ಮೇಲೆ.
ಊದಿ, ಒತ್ತಿ ಕೂರಿಸಿ, ಹಚ್ಚಿದೆ.

ನಾಲ್ಕು ದಾಟಿತು. ಒಂಬತ್ತು.
ಯಾರೂ ಮಾತಾಡಲಿಲ್ಲ.
ಕರೆಂಟು ಒಮ್ಮೆ ಕಣ್ಣು ಮಿಟುಕಿಸಿ, ಯುಪಿಎಸ್ ಕಿರುಚಿ, ಸುಮ್ಮನಾಯಿತು.
ಹನ್ನೊಂದು.
ಹದಿನಾಲ್ಕು.

ಪರದೆಯ ತುಂಬ ಬಿಳಿ ಬೆಟ್ಟ, ಬಿಳಿ ರಸ್ತೆ,
ನಡುವೆ ಒಂದು ಕೆಂಪು ಲಾರಿ, ಇವನು ಹತ್ತಲೆಂದು ನಿಂತದ್ದು.
"ಇಷ್ಟು ಐಸು!" ಆಯಿ ಸ್ಟೂಲಿನಿಂದ ಎದ್ದೇಬಿಟ್ಟಳು.
"ಬಿಟ್ಟಿ ಬಿದ್ದಿದೆಯಲ್ಲೇ!"

ಮುನ್ನೂರು ಅಂದೆ.
"ರಬ್ಬರು ತಿಕ್ಕಿದ್ದಕ್ಕೆ?"
ಇನ್ನೂರು.
"ತಕ್ಕಡಿ ನೋಡು ಅಂದವಳು ಯಾರು?"
ನೂರಕ್ಕೆ ನಿಂತಿತು.
ಒದ್ದೆ ನೋಟು, ಸೊಂಟದ ಚೀಲದಿಂದ.

ಸಾಯೀಶ ಲಾರಿ ಹತ್ತಲಿಲ್ಲ ಇನ್ನೂ.
ಹೊರಗೆ, ಸೂರಿನ ನೀರು ಬೀಳುವಲ್ಲಿಗೆ ಒಂದು ಗೇಣು ಈಚೆ
ಗೋಡೆಗೆ ಬೆನ್ನು ಹಚ್ಚಿ ನಿಂತಿದ್ದಾನೆ,
ಫೋನು ಕಿವಿಗೆ.
ಕಾಳಿಯ ಆಚೆ ದಡದಲ್ಲಿ ರಿಂಗಾಗುತ್ತಿದೆ.
ಒಳಗಿನ ತನಕ ಕೇಳುತ್ತಿದೆ,
ರಿಂಗಾಗುತ್ತಲೇ ಇದೆ.