ಲೆವೆಲ್ ಒಂಬತ್ತು

ಸುಂಟಿಕೊಪ್ಪ ಬಸ್‌ಸ್ಟ್ಯಾಂಡಿನೆದುರು
ಕೋಳಿ ಅಂಗಡಿಗೂ ಜೆರಾಕ್ಸಿಗೂ ನಡುವೆ
ಒಬ್ಬ ಕೂರುವಷ್ಟೇ ಜಾಗ, ಉನೈಸನ ಮೊಬೈಲ್ ರಿಪೇರಿಗೆ.
ಗ್ಲಾಸು ಒಡೆದ ಫೋನನ್ನು ಅವನ ಮುಂದಿಟ್ಟು
ಹೇಗೆ ಹೇಳುವುದೆಂದು ತಡವರಿಸಿದೆ.
ಮೂವತ್ತೊಂಬತ್ತು ವಯಸ್ಸು ನನಗೆ.
ಕಳೆದದ್ದು ಒಂದು ಆಟ.

ಅಳಿಸಿದವನು ಮಗ, ಚಿಂತನ್. ನಾಪೋಕ್ಲಿನ ಹಾಕಿ ಫೈನಲ್ಲು
ವಿಡಿಯೊ ಮಾಡಲು ಹೊರಟಿದ್ದನಂತೆ, ಜಾಗವಿಲ್ಲ ಎಂದಿತಂತೆ ಫೋನು.
"ಆಟ ತಾನೇ ಅಮ್ಮ, ಮತ್ತೆ ಹಾಕಿಕೊಡ್ತೇನೆ."
ಹಾಕಿಕೊಟ್ಟ. ಖಾಲಿ ಹುಲ್ಲು,
ಹುಲ್ಲಿನ ಮೇಲೆ ಟೋಪಿಯ ಹುಡುಗಿ, "ಸ್ವಾಗತ, ಹೊಸ ರೈತರೇ"
ಎಂದು ಕೈಬೀಸಿದಳು.
ನಾನು ಹೊಸಬಳಂತೆ!

ಇನ್ನೂರ ಹದಿನಾರನೇ ಲೆವೆಲ್ಲಿನಲ್ಲಿದ್ದೆ.
ಹದಿನೆಂಟು ಹಸು, ಗಾಳಿಗಿರಣಿ, ಕೊಳದಲ್ಲಿ ಬಾತು.
ಆ ಆಟದಲ್ಲಿ ಹಲಸು ಸಿಗುವುದಿಲ್ಲ. ಸೇಬಿನ ಗಿಡ ಕೊಂಡು
ಬಾವಿಯ ಎಡಕ್ಕೆ ನೆಟ್ಟು ಹಲಸೆಂದುಕೊಂಡಿದ್ದೆ,
ಎಲ್ಲಿತ್ತೋ ಅಲ್ಲಿಗೇ ಸರಿಯಾಗಿ.

ಉನೈಸ್ ನಗಲಿಲ್ಲ. ಅದಕ್ಕೇ ಅವನ ಬಳಿ ಹೋಗುವುದು.
ಮೇಲ್ ಐಡಿ ಕೇಳಿದ, ಪಾಸ್‌ವರ್ಡು ಕೇಳಿದ.
ಗ್ಯಾಸ್ ಬುಕ್ಕಿನ ಹಿಂದೆ ಬರೆದಿಟ್ಟಿದ್ದೆ,
ಬುಕ್ಕು ಮಣ್ಣಿನಡಿ. ನಂಬರು ಮಾತ್ರ ಅದೇ.
ಓಟಿಪಿ ಬಂತು, ಒಂದೊಂದೇ ಅಂಕಿ ಓದಿ ಹೇಳಿದೆ.
ಚಕ್ರ ತಿರುಗುತ್ತಲೇ ಇತ್ತು.
ಕ್ಯೂರಿಂಗಿನಲ್ಲಿ ಕಾಫಿಬೀಜ ಆರಿಸುವವಳು ನಾನು,
ಕಪ್ಪು, ಒಡಕು, ಹುಳುಕು, ದಿನಕ್ಕೆಷ್ಟು ಮೂಟೆ.
ಕಾಯಲು ಬರುತ್ತದೆ ನನಗೆ.

"ಸಿಕ್ತು ಅಕ್ಕ" ಎಂದ. ಆಮೇಲೆ ದನಿ ತಗ್ಗಿಸಿ,
"ಆದರೆ ಹಳೇದು."

ಲೆವೆಲ್ ಒಂಬತ್ತು. ಕೊನೆಯದಾಗಿ ಉಳಿಸಿದ್ದು
ಆಗಸ್ಟ್ ಹದಿನೈದು, ಮಧ್ಯಾಹ್ನ ಮೂರು ಹನ್ನೆರಡು.
ವರ್ಷ ಅವನು ಓದಲಿಲ್ಲ.
ಆ ವರ್ಷವನ್ನು ನಮ್ಮ ಕಡೆ ಯಾರೂ ಓದಿ ಹೇಳಬೇಕಿಲ್ಲ.

ಕರೆಂಟಿತ್ತು ಆಗ. ಟವರಿತ್ತು.
ಬಾವುಟ ಏರಿಸಿ ಬಂದ ಒಂದನೇ ಕ್ಲಾಸಿನ ಚಿಂತನ್
ಅರ್ಧ ಲಾಡು ತಿಂದು ಅರ್ಧ ನನ್ನ ಕೈಲಿಟ್ಟಿದ್ದ.
ಹಿತ್ತಿಲ ಮೆಟ್ಟಿಲಲ್ಲಿ ಕೂತು, ಅಂಟು ಬೆರಳಲ್ಲಿ
ಮೂರು ಸಾಲು ಗೋಧಿ ಬಿತ್ತಿದ್ದೆ. ಬೆನ್ನ ಹಿಂದೆ
ಗುಡ್ಡ ಇತ್ತು, ಗುಡ್ಡದ ಹಾಗೆ.

ಇವನ್ನೆಲ್ಲ ಮೋಡದಲ್ಲಿ ಇಡುತ್ತಾರಂತೆ.
ಆ ತಿಂಗಳ ಮೋಡ ಏನೇನು ಒಯ್ದಿತೆಂದು ಗೊತ್ತು.
ಒಂದನ್ನು ಇಟ್ಟುಕೊಂಡಿತ್ತೆಂದು
ಇವತ್ತೇ ತಿಳಿದದ್ದು.

"ಆಮೇಲೆ ಒಮ್ಮೆಯೂ ಸಿಂಕ್ ಆಗಿಲ್ಲ ಅಕ್ಕ."
ಆಮೇಲೆ ಎಂದರೆ
ಶಾಲೆಯ ನೆಲದಲ್ಲಿ ಸಾಲು ಚಾಪೆ,
ಒಂದು ಪ್ಲಗ್ಗಿಗೆ ಹನ್ನೊಂದು ಚಾರ್ಜರು;
ಚಿಂತನ್‌ಗೆ ಜ್ವರ ಏರಿದ ರಾತ್ರಿ ಕೊಂಡ ಮೊದಲ ಹಸು;
ತಾಲ್ಲೂಕು ಕಚೇರಿಯ ಜಗಲಿ, ಪಟ್ಟಿಯಲ್ಲಿಲ್ಲದ ಹೆಸರು,
ಹಾಗೆ ಕಾಯುತ್ತ ಕಾಯುತ್ತ ನಲವತ್ತು ಲೆವೆಲ್;
ಜಂಬೂರಿನ ಮನೆಗೆ ಬೀಗದಕೈ ಕೊಟ್ಟ ದಿನ, ಪೇಂಟಿನ ವಾಸನೆಗೆ
ನಿದ್ದೆ ಬಾರದೆ ಎಬ್ಬಿಸಿದ ಗಾಳಿಗಿರಣಿ.
ಅದೆಲ್ಲ ಈ ಫೋನಿನೊಳಗಿತ್ತು. ಬೇರೆಲ್ಲೂ ಇರಲಿಲ್ಲ.

ಇಷ್ಟು ವರ್ಷ ನಾನು ಬೇಡಿದ್ದು ಆ ಮೂರು ಹನ್ನೆರಡನ್ನೇ.
ಬಂತು ನೋಡಿ. ಗೋಧಿ ಹಾಗೇ, ಕೋಳಿ ನಾಲ್ಕು.
ಬಾವಿಯ ಎಡಕ್ಕೆ ಏನೂ ನೆಟ್ಟಿಲ್ಲ,
ಕತ್ತೆತ್ತಿದರೆ ಹಲಸು ಅಲ್ಲೇ ಇತ್ತಲ್ಲ.
ನನಗೆ ಅಳು ಬಂದದ್ದು
ಆ ಹದಿನೆಂಟು ಹಸುಗಳಿಗೆ.

"ಇದನ್ನೇ ಮುಂದುವರಿಸ್ತೀರಾ, ಹೊಸದು ಶುರು ಮಾಡ್ತೀರಾ?"
ಎರಡು ಗುಂಡಿ. ಹೊರಗೆ ಮಾದಾಪುರದ ಬಸ್ಸಿನ ಹಾರ್ನು.
ಯಾವುದನ್ನು ಒತ್ತಿದೆನೋ. ಐವತ್ತು ಕೊಟ್ಟೆ,
ಚಿಲ್ಲರೆ ಕೇಳದೆ ಓಡಿದೆ.

ಕಿಟಕಿ ಸೀಟು. ಫೋನು ತೆರೆದರೆ ಮೇಲೆಯೇ ಬರೆದಿತ್ತು,
ನಿಮ್ಮ ಕೋಳಿಗಳಿಗೆ ಹಸಿವಾಗಿದೆ.
ಎಷ್ಟು ವರ್ಷದ ಹಸಿವು ಮಾರಾಯ್ತಿ,
ಸಾಯದೆ ಕೂತಿವೆ.
ಮೊದಲು ಅವಕ್ಕೆ ಕಾಳು ಹಾಕಿದೆ.
ಸೇಬಿನ ಗಿಡ ಸಿಗಲು ಲೆವೆಲ್ ಹನ್ನೆರಡಾಗಬೇಕು.
ಇನ್ನು ಮೂರು. ಜಂಬೂರು ಬರುವುದರೊಳಗೆ
ಒಂದಾದರೂ.