ಎಡಭುಜ ಒಂದೂವರೆ ಇಂಚು ಕೆಳಗೆ

ಫಹಾಹೀಲಿನ ಮೀನು ಮಾರುಕಟ್ಟೆಯ ಹಿಂದೆ
ಎರಡನೇ ಓಣಿಯಲ್ಲಿ ನನ್ನ ಅಂಗಡಿ.
ಬೋರ್ಡಿನ ಮೇಲೆ ಅರಬಿಯಲ್ಲಿ ಖಯ್ಯಾತ್,
ಜನರ ಬಾಯಲ್ಲಿ ಮಾಸ್ಟರ್,
ಕಿನ್ನಿಗೋಳಿಯ ಇಗರ್ಜಿ ಪುಸ್ತಕದಲ್ಲಿ ಮಾತ್ರ ಲಿಗೋರಿ.

ಆತ ಬಂದಾಗ ಅಂಗಡಿ ಕತ್ತಲಾಯಿತು.
ಕರೆಂಟು ಹೋಯಿತೆಂದು ತಲೆಯೆತ್ತಿದೆ, ಫ್ಯಾನು ತಿರುಗುತ್ತಿತ್ತು.
ಬಾಗಿಲಲ್ಲಿ ಅಡ್ಡ ತಿರುಗಿ ಒಳಗೆ ಬಂದ.
ಸ್ಟೂಲನ್ನು ಒಮ್ಮೆ ಕೈಯಲ್ಲಿ ಒತ್ತಿ ನೋಡಿ
ನಿಂತೇ ಇದ್ದ.
ಶಾಲೆಯೊಂದರಲ್ಲಿ ವ್ಯಾಯಾಮದ ಮೇಷ್ಟ್ರು, ಅಮೆರಿಕದವ, ಓಟಿಸ್ ಬ್ರಾಂಟ್ಲಿ.
ಒಂದು ಕೋಟು ಬೇಕು,
ಯಾವ ಮಾಲಿನಲ್ಲೂ ಅಳತೆ ಸಿಗುತ್ತಿಲ್ಲ.

ಕುತ್ತಿಗೆ ಇಪ್ಪತ್ತೊಂದು.
ಎದೆ ಐವತ್ತೆಂಟು.
ಹೊಟ್ಟೆಗೆ ಬಂದಾಗ ಅರವತ್ತಿಂಚಿನ ಟೇಪು ಮುಗಿದು
ಉಳಿದದ್ದನ್ನು ಬೆರಳಿಟ್ಟು ಅಳೆದೆ.
ಎಡಭುಜ ಬಲದ್ದಕ್ಕಿಂತ ಒಂದೂವರೆ ಇಂಚು ಕೆಳಗೆ.
ನೆಟ್ಟಗೆ ನಿಲ್ಲಿ ಸರ್, ಅಂದೆ.
ನೆಟ್ಟಗೇ ನಿಂತಿದ್ದೇನೆ, ಅಂದ.

ಹನ್ನೊಂದು ವರ್ಷ ಫುಟ್‌ಬಾಲ್ ಆಡಿದ್ದನಂತೆ.
ನಮ್ಮದಲ್ಲ, ಅವರದು,
ಹೆಸರಲ್ಲಿ ಕಾಲಿದ್ದರೂ ಕೈಯಲ್ಲಿ ಆಡುವುದು.
ಎಷ್ಟು ಗೋಲು, ಕೇಳಿದೆ, ಮರ್ಯಾದೆಗೆ.
ಒಂದೂ ಇಲ್ಲ.
ಹನ್ನೊಂದು ವರ್ಷದಲ್ಲಿ?
ಚೆಂಡು ಮುಟ್ಟುವುದು ನನ್ನ ಕೆಲಸವಲ್ಲ ಮಾಸ್ಟರ್.
ಒಮ್ಮೆ ತಾನಾಗಿ ಉರುಳಿಕೊಂಡು ಬಂತು,
ಅದರ ಮೇಲೆ ಬಿದ್ದೆ, ನನ್ನ ಮೇಲೆ ಆರು ಜನ ಬಿದ್ದರು.
ಬೆಚ್ಚಗಿತ್ತು, ಅಂದ, ಚೆಂಡು.

ಮತ್ತೆ ನನ್ನ ಮೇಜಿನ ಮೇಲೇ ಪಾಠ:
ಅಂಗುಸ್ತಾನ, ಚೆಂಡು ಎಸೆಯುವವನು.
ಮುಂದೆ ಸಾಲಾಗಿ ಐದು ಗುಂಡಿ.
ಎಡತುದಿಯದು ನಾನು.
ಈ ಅಂಗುಸ್ತಾನಕ್ಕೆ ಎಡಗಡೆಯಿಂದ ಬರುವವನು ಕಾಣುವುದಿಲ್ಲ,
ಬೆನ್ನಿಗೆ ಕಣ್ಣಿಲ್ಲವಲ್ಲ.
ಆ ಕಣ್ಣು ನಾನು. ಹಿಂದೆ ಹಿಂದೆ ಹೆಜ್ಜೆಯಿಡುತ್ತ ತಡೆಯಬೇಕು.
ಎಷ್ಟು ಹೊತ್ತು?
ಮೂರು ಸೆಕೆಂಡು.

ಸೂಜಿಗೆ ದಾರ ಪೋಣಿಸಲು ನನಗೀಗ ಅದಕ್ಕಿಂತ ಹೆಚ್ಚು ಬೇಕು.

ಮೂರು ಊರು, ಐದು ಆಪರೇಷನ್ನು,
ಬೇರೆಬೇರೆ ದಿಕ್ಕಿಗೆ ತಿರುಗಿದ ಬೆರಳುಗಳು,
ಮುಂಗೈ ಗುಂಡಿ ತಾನೇ ಹಾಕಿಕೊಳ್ಳಲಾರ.
ಕೊನೆಗೊಂದು ಮಂಗಳವಾರ ಫೋನು.
ಲಾಕರಿನ ಸಾಮಾನು ಕಸದ ಚೀಲದಲ್ಲಿ ಮನೆಗೆ ಬಂತಂತೆ.
ಹೊಸ ಮನೆ, ಹಿಂದಿನ ವಾರವಷ್ಟೇ ಪರದೆ ಹಾಕಿಸಿದ್ದು.

ಅಷ್ಟು ದೊಡ್ಡ ಮೈದಾನ, ಅರುವತ್ತು ಸಾವಿರ ಜನ,
ಮೈಕಿನಲ್ಲಿ ನನ್ನ ನಂಬರು ಕೂಗುತ್ತಿದ್ದದ್ದು
ನಾನು ತಪ್ಪು ಮಾಡಿದಾಗ ಮಾತ್ರ.

ನನಗೂ ಹಾಗೇ, ಅಂದೆ,
ಹೊಲಿಗೆ ಬಿಟ್ಟರೆ ಮಾತ್ರ ನನ್ನ ಹೆಸರು ನೆನಪಾಗುತ್ತದೆ ಜನಕ್ಕೆ.
ನಕ್ಕ. ಕಪಾಟಿನ ಗಾಜು ಅದುರಿತು.

ಕಾಲರಿನ ಒಳಗಿನ ಬಕ್ರಂ ತೋರಿಸಿ
ನೋಡಿ, ಇದು ನೀವೇ ಎನ್ನಬೇಕೆಂದು ನಾಲಿಗೆಯ ತುದಿಗೆ ಬಂದಿತ್ತು.
ಹೇಳಲಿಲ್ಲ.
ಬಕ್ರಮಿಗೆ ಮಂಡಿ ನೋಯುವುದಿಲ್ಲ.

ಕೋಟು ಯಾವುದಕ್ಕೆ?
ಆ ಅಂಗುಸ್ತಾನದ ಮಗಳ ಮದುವೆ.
ಕರೆದಿದ್ದಾನೆ.
ಎಷ್ಟನೇ ಸಾಲಿನಲ್ಲಿ ಕೂರಿಸುತ್ತಾನೋ, ಅಂದ,
ಹಿಂದಿನದಾದರೆ ಒಳ್ಳೆಯದು, ಯಾರಿಗೂ ಮರೆಯಾಗುವುದಿಲ್ಲ.

ಎಡಭುಜಕ್ಕೆ ಒಂದು ಪದರ ಹೆಚ್ಚು ಹತ್ತಿ ಇಟ್ಟೆ.
ಕನ್ನಡಿಯಲ್ಲಿ ಎರಡೂ ಸಮ ಕಾಣಲಿ ಎಂದು.

ಟ್ರಯಲ್ಲಿಗೆ ಬಂದ ಗುರುವಾರ
ಬೆನ್ನ ಮೇಲೆ ಸೀಮೆಸುಣ್ಣದ ಗೆರೆ ಎಳೆಯುತ್ತಿದ್ದೆ.
ಇಸ್ತ್ರಿಯ ಹುಡುಗ ಬಟ್ಟೆಯ ತಳ್ಳುಗಾಡಿಯನ್ನು
ಹಾಡುತ್ತ, ನೋಡದೆ, ಎಡಗಡೆಯಿಂದ ಒಳಗೆ ನುಗ್ಗಿಸಿದ.
ನನಗೆ ಕಂಡಿರಲಿಲ್ಲ.
ಈತ ಮಂಡಿ ಮಡಚಿ, ಅಂಗೈ ಮುಂದೆ ಚಾಚಿ,
ಆಗಲೇ ನನಗೂ ಗಾಡಿಗೂ ನಡುವೆ ಇದ್ದ.
ಗಾಡಿ ನಿಂತಿತು. ಹುಡುಗನ ಹಾಡೂ.

ಬಗಲಿನ ಕಚ್ಚಾಹೊಲಿಗೆ ಪರ್ರನೆ ಬಿಟ್ಟಿತ್ತು.
ಸಾರಿ ಮಾಸ್ಟರ್, ಅಂದ, ಮಗುವಿನ ಹಾಗೆ ಮುಖ ಮಾಡಿ.

ಇನ್ನೊಮ್ಮೆ ನಿಲ್ಲಿ ಸರ್, ಅಂದೆ,
ಮೊದಲಿಂದ ಅಳೆಯುತ್ತೇನೆ.